ಸೌರಮಂಡಲವನ್ನು ನಡೆದು ನೋಡುವುದು: ಪದೇ ಪದೇ ಕೇಳುವ ಪ್ರಶ್ನೆಗಳು

ಶಾಲೆಯ ಮೈದಾನದಲ್ಲಿ, ಕೆರೆ ಏರಿಯ ಮೇಲೆ, ಒಮ್ಮೊಮ್ಮೆ ಬಡಾವಣೆಯ ಖಾಲಿ ರಸ್ತೆಯಲ್ಲೂ ಮಕ್ಕಳ ಜೊತೆ ಸೌರಮಂಡಲದ ಮಾದರಿ ಹಾಕುತ್ತಾ ಬಂದವಳು ನಾನು. ಶಿಕ್ಷಕರು, ಪೋಷಕರು, ಮಕ್ಕಳು ಎದುರಿಗೆ ಕೇಳಿದ, ಪತ್ರದಲ್ಲೂ ವಾಟ್ಸ್‌ಆ್ಯಪ್‌ನಲ್ಲೂ ಬರೆದ ಪ್ರಶ್ನೆಗಳನ್ನು ಅವರವರ ಮಾತಿನಲ್ಲೇ ಇಲ್ಲಿ ಜೋಡಿಸಿದ್ದೇನೆ. ಸುಲಭದವು ಮೊದಲು, ತಲೆ ಕೆಡಿಸಿಕೊಳ್ಳಬೇಕಾದವು ಆಮೇಲೆ. ಗ್ರಹಗಳ ಗಾತ್ರಕ್ಕೂ ಅವುಗಳ ನಡುವಿನ ದೂರಕ್ಕೂ ಒಂದೇ ಅಳತೆ ಇರುವ ಮಾದರಿಯ ಬಗ್ಗೆಯೇ ಇಲ್ಲಿ ಮಾತು.

## ಶುರು ಮಾಡುವವರಿಗೆ

"ಪುಸ್ತಕದಲ್ಲಿ ಚೆಂದದ ಚಿತ್ರ ಇದೆಯಲ್ಲ ಮೇಡಂ, ಮತ್ತೆ ಮಾದರಿ ಯಾಕೆ?"

ಗ್ರಹಗಳ ಹೆಸರು, ಸರದಿ ಕಲಿಯಲು ಆ ಚಿತ್ರ ಸಾಕು. ಆದರೆ ಅದರಲ್ಲಿ ಭೂಮಿಯನ್ನು ಒಂದು ಸೆಂಟಿಮೀಟರ್ ಅಗಲಕ್ಕೆ ಬರೆದಿದ್ದರೆ, ಅದೇ ಲೆಕ್ಕದಲ್ಲಿ ಸೂರ್ಯ ಒಂದು ಮೀಟರಿಗೂ ಹೆಚ್ಚು ಅಗಲ ಇರಬೇಕು, ಅದೂ 117 ಮೀಟರ್ ಆಚೆ. ನೆಪ್ಚೂನ್ ಇರಬೇಕಾದದ್ದು ಮೂರೂವರೆ ಕಿಲೋಮೀಟರ್ ದೂರದಲ್ಲಿ. ಪುಟದಲ್ಲಿ ಅಷ್ಟು ಜಾಗ ಇಲ್ಲ, ಹಾಗಾಗಿ ಚಿತ್ರ ಬರೆಯುವವರು ದೂರವನ್ನು ಮಡಚಿ ಗ್ರಹಗಳನ್ನು ಹಿಗ್ಗಿಸುತ್ತಾರೆ. ಗ್ರಹಗಳೆಲ್ಲ ಅಕ್ಕಪಕ್ಕದ ಮನೆಯಲ್ಲಿವೆ ಎಂಬ ಕಲ್ಪನೆ ಮಗುವಿನ ತಲೆಯಲ್ಲಿ ಕೂರುವುದು ಹೀಗೆ. ದೊಡ್ಡವರಾದ ಮೇಲೂ ಅದು ಹೋಗುವುದಿಲ್ಲ. ಕಾಲಲ್ಲಿ ನಡೆದರೆ ಹೋಗುತ್ತದೆ.

"ಯಾವ ಅಳತೆ ಇಟ್ಟುಕೊಳ್ಳಲಿ? ನನಗೆ ಲೆಕ್ಕ ಅಷ್ಟಕ್ಕಷ್ಟೆ."

ಒಂದು ಮೀಟರಿಗೆ ಒಂದು ಕೋಟಿ ಕಿಲೋಮೀಟರ್. ಅಂದರೆ 1:1000 ಕೋಟಿ. ನಮ್ಮ ಲಕ್ಷ, ಕೋಟಿಯ ಎಣಿಕೆಗೆ ಇದು ಹೇಳಿ ಮಾಡಿಸಿದಂತಿದೆ: ಮೀಟರಿಗೆ ಕೋಟಿ, ಸೆಂಟಿಮೀಟರಿಗೆ ಲಕ್ಷ, ಮಿಲಿಮೀಟರಿಗೆ ಹತ್ತು ಸಾವಿರ. ಸೂರ್ಯನಿಂದ ಭೂಮಿಗೆ ಸುಮಾರು 15 ಕೋಟಿ ಕಿ.ಮೀ., ಮೈದಾನದಲ್ಲಿ 15 ಮೀಟರ್. ಸೂರ್ಯನ ವ್ಯಾಸ ಸುಮಾರು 14 ಲಕ್ಷ ಕಿ.ಮೀ., ಕೈಯಲ್ಲಿ 14 ಸೆಂ.ಮೀ. ಗುಣಾಕಾರವೂ ಬೇಡ, ಭಾಗಾಕಾರವೂ ಬೇಡ. ಪುಸ್ತಕದಲ್ಲಿರುವ ಸಂಖ್ಯೆಯನ್ನು ಓದಿ, ಘಟಕ ಬದಲಿಸಿದರೆ ಆಯಿತು. ನಾಲ್ಕನೇ ತರಗತಿಯ ಮಕ್ಕಳೂ ಮಾಡುತ್ತಾರೆ.

"ಅಡುಗೆಮನೆಯಲ್ಲಿ ಸಿಗೋ ವಸ್ತುಗಳಲ್ಲೇ ಆಗುತ್ತಾ?"

ಚೆನ್ನಾಗಿ ಆಗುತ್ತದೆ. ಸೂರ್ಯನಿಗೆ ಒಂದು ಸಣ್ಣ ಚಕ್ಕೋತ. ದೇವನಹಳ್ಳಿ ಕಡೆಯವರಿಗೆ ಹುಡುಕುವ ಕಷ್ಟವಿಲ್ಲ. ಸಿಗದ ಊರಿನಲ್ಲಿ 14 ಸೆಂ.ಮೀ. ಅಗಲದ ಹಳದಿ ರಟ್ಟಿನ ವೃತ್ತ ಸಾಕು. ಭೂಮಿ 1.3 ಮಿ.ಮೀ., ಅಂದರೆ ಒಂದು ರಾಗಿ ಕಾಳು. ಶುಕ್ರನೂ ರಾಗಿಯೇ, ಕೂದಲೆಳೆಯಷ್ಟು ಚಿಕ್ಕದು. ಮಂಗಳ ಒಂದು ಗಸಗಸೆ. ಬುಧ ಅದಕ್ಕಿಂತಲೂ ಸಣ್ಣ, ಅರ್ಧ ಮಿಲಿಮೀಟರು, ಚಿರೋಟಿ ರವೆಯ ಒಂದು ಕಣ. ಗುರುವಿಗೆ ಮಕ್ಕಳಾಡುವ ಗೋಲಿ, ಶನಿಗೆ ನೆನೆಸಿದ ಕಾಬೂಲ್ ಕಡಲೆ. ಯುರೇನಸ್, ನೆಪ್ಚೂನ್ ಎರಡಕ್ಕೂ ಒಂದೊಂದು ಕಾಳುಮೆಣಸು.

ಇಷ್ಟನ್ನೂ ಒಂದು ಊಟದ ತಟ್ಟೆಯಲ್ಲಿಟ್ಟು ಮಕ್ಕಳ ಮುಂದೆ ಹಿಡಿಯಿರಿ. "ಚಕ್ಕೋತದಿಂದ ರಾಗಿ ಎಷ್ಟು ದೂರ ಇಡೋಣ?" ಎಂದು ಕೇಳಿ. ಹೆಚ್ಚಿನವರು ತಟ್ಟೆಯೊಳಗೇ ಒಂದು ಜಾಗ ತೋರಿಸುತ್ತಾರೆ. ಉತ್ತರ ಹೇಳಬೇಡಿ, ಎಲ್ಲರನ್ನೂ ಹೊರಗೆ ಕರೆದುಕೊಂಡು ಹೋಗಿ.

"ಟೇಪ್ ಇಲ್ಲ. ಹೆಜ್ಜೆ ಲೆಕ್ಕದಲ್ಲಿ ಮಾಡಬಹುದಾ?"

ಟೇಪಿಗಿಂತ ಹೆಜ್ಜೆಯೇ ನನಗೆ ಇಷ್ಟ. ದೊಡ್ಡವರ ಒಂದು ಹೆಜ್ಜೆ ಮುಕ್ಕಾಲು ಮೀಟರ್ ಎಂದುಕೊಂಡರೆ, ಚಕ್ಕೋತದಿಂದ ಬುಧಕ್ಕೆ 8 ಹೆಜ್ಜೆ, ಶುಕ್ರಕ್ಕೆ 14, ಭೂಮಿಗೆ 20, ಮಂಗಳಕ್ಕೆ 30. ಇಲ್ಲಿಯವರೆಗೆ ಮಕ್ಕಳು ಗದ್ದಲ ಮಾಡಿಕೊಂಡು ಬರುತ್ತಾರೆ. ಮುಂದಿನದು ಗುರು: ಸೂರ್ಯನಿಂದ 104ನೇ ಹೆಜ್ಜೆ. ಐವತ್ತು ದಾಟಿದಾಗ "ಇನ್ನೂ ಎಷ್ಟು?" ಶುರುವಾಗುತ್ತದೆ. ಇಡೀ ನಡಿಗೆಯಲ್ಲಿ ನನಗೆ ಅತಿ ಪ್ರಿಯವಾದ ಭಾಗ ಅದು. ಆ ಪ್ರಶ್ನೆ ಬಂದರೆ ಪಾಠ ಮುಟ್ಟಿದೆ ಎಂದೇ ಅರ್ಥ. ಶನಿಗೆ 191, ಯುರೇನಸ್‌ಗೆ 383, ನೆಪ್ಚೂನ್‌ಗೆ 600.

ಮಕ್ಕಳ ಹೆಜ್ಜೆ ಚಿಕ್ಕದು. ಹಾಗಾಗಿ ಒಮ್ಮೆ ಮಾತ್ರ 15 ಮೀಟರ್ ಅಳೆದು ಗೆರೆ ಎಳೆಯಿರಿ, ಪ್ರತಿ ಮಗುವೂ ಅದನ್ನು ನಡೆದು ತನ್ನ ಹೆಜ್ಜೆ ಎಣಿಸಿಕೊಳ್ಳಲಿ. ಸೂರ್ಯನಿಂದ ಭೂಮಿಗಿರುವ ಈ ಸರಾಸರಿ ದೂರಕ್ಕೆ ಖಗೋಳ ವಿಜ್ಞಾನಿಗಳು ಖಗೋಳಮಾನ ಎನ್ನುತ್ತಾರೆ. ಗುರುವಿಗೆ ಅದರ 5.2 ಪಟ್ಟು, ಶನಿಗೆ ಒಂಬತ್ತೂವರೆ, ಯುರೇನಸ್‌ಗೆ 19, ನೆಪ್ಚೂನ್‌ಗೆ 30.

"ನಾಳೆ ಮಗಳ ಶಾಲೆಯಲ್ಲಿ ವಿಜ್ಞಾನ ವಸ್ತುಪ್ರದರ್ಶನ. ಥರ್ಮೋಕೋಲ್ ಉಂಡೆ, ಪೇಂಟು ಎಲ್ಲ ತಂದಾಗಿದೆ. ಈಗೇನು ಮಾಡಲಿ?"

ತಂದದ್ದನ್ನು ಬಳಸಿ, ಆದರೆ ಗಾತ್ರ ತೋರಿಸಲು ಮಾತ್ರ. ಗುರುವಿಗೆ 14 ಸೆಂ.ಮೀ. ಉಂಡೆಯಾದರೆ ಶನಿ 12, ಯುರೇನಸ್ ಮತ್ತು ನೆಪ್ಚೂನ್ 5, ಭೂಮಿ ಒಂದೂಕಾಲು ಸೆಂ.ಮೀ. ಆಗಬೇಕು. ಸೂರ್ಯನಿಗೆ ಉಂಡೆ ಬೇಡ. ಮೇಜಿನ ಹಿಂದಿನ ಗೋಡೆಗೆ ಹಳದಿ ಕಾಗದದಲ್ಲಿ 70 ಸೆಂ.ಮೀ. ತ್ರಿಜ್ಯದ ವೃತ್ತದ ಒಂದು ಕಮಾನು ಅಂಟಿಸಿ. ಉಂಡೆಗಳನ್ನು ತಂತಿಗೆ ಸಿಕ್ಕಿಸಿ ಸೂರ್ಯನ ಸುತ್ತ ನಿಲ್ಲಿಸಬೇಡಿ, ಸಾಲಾಗಿ ಇಟ್ಟರೆ ಸಾಕು. "ಇಲ್ಲಿ ಗಾತ್ರ ಮಾತ್ರ ಅಳತೆಗೆ ಸರಿಯಾಗಿದೆ, ದೂರ ತೋರಿಸಲು ಈ ಭೂಮಿಯನ್ನು ಸೂರ್ಯನಿಂದ 150 ಮೀಟರ್ ಆಚೆ ಇಡಬೇಕು" ಎಂದು ಮಗಳೇ ಒಂದು ಚೀಟಿ ಬರೆದು ಮುಂದಿಡಲಿ. ನೋಡಲು ಬಂದವರು ಉಂಡೆಗಿಂತ ಆ ಚೀಟಿಯ ಮುಂದೆ ಹೆಚ್ಚು ಹೊತ್ತು ನಿಲ್ಲುತ್ತಾರೆ.

"ಅಪಾರ್ಟ್‌ಮೆಂಟಿನಲ್ಲಿದ್ದೇವೆ, ಮೈದಾನ ಇಲ್ಲ. ಮನೆಯೊಳಗೆ ಏನಾದರೂ?"

ಒಂದು ಸೀರೆ ತೆಗೆದು ನೆಲದ ಮೇಲೆ ಉದ್ದಕ್ಕೆ ಹಾಸಿ. ಐದೂವರೆ ಮೀಟರ್ ಸೀರೆಯಲ್ಲಿ ಒಂದು ತುದಿಗೆ ಸೂರ್ಯ, 7 ಸೆಂ.ಮೀ.ಗೆ ಬುಧ, 13ಕ್ಕೆ ಶುಕ್ರ, 18ಕ್ಕೆ ಭೂಮಿ, 27ಕ್ಕೆ ಮಂಗಳ. ಗುರು 94ಕ್ಕೆ, ಶನಿ 172ಕ್ಕೆ, ಯುರೇನಸ್ 346ಕ್ಕೆ, ನೆಪ್ಚೂನ್ ಸೆರಗಿನ ತುದಿಯಲ್ಲಿ, 541ಕ್ಕೆ. ಬಟ್ಟೆಗೆ ಹಾಕುವ ಪಿನ್ನಿನಲ್ಲಿ ಚೀಟಿ ಸಿಕ್ಕಿಸಿ ಗುರುತು ಮಾಡಿ. ನಾಲ್ಕು ಗ್ರಹಗಳು ಮೊದಲ ಒಂದಡಿಯೊಳಗೇ ಕೂತುಬಿಡುವುದು ನೋಡಲು ಸೊಗಸು. ಈ ಅಳತೆಯಲ್ಲಿ ಸೂರ್ಯನೇ ಒಂದು ಸಾಸಿವೆ ಕಾಳು. ಗ್ರಹಗಳನ್ನು ಇಡಲು ಹೋಗಬೇಡಿ; ಎಲ್ಲಕ್ಕಿಂತ ದೊಡ್ಡ ಗುರು ಕೂಡ ಮಿಲಿಮೀಟರಿನ ಆರನೇ ಒಂದು ಭಾಗ.

## ಮೈದಾನಕ್ಕೆ ಇಳಿದ ಮೇಲೆ

"ರಾಗಿ ಕಾಳು ನಾಲ್ಕು ಹೆಜ್ಜೆ ಆಚೆಯಿಂದಲೇ ಕಾಣಲ್ಲ. ಗ್ರಹಗಳನ್ನು ಸ್ವಲ್ಪ ದೊಡ್ಡದು ಮಾಡಿದರೆ ತಪ್ಪಾ?"

ದಯವಿಟ್ಟು ಮಾಡಬೇಡಿ. ಕಾಣದಿರುವುದೇ ಇಲ್ಲಿ ತೋರಿಸಬೇಕಾದ ಸಂಗತಿ. ಭೂಮಿಯನ್ನು ನಿಂಬೆಹಣ್ಣು ಮಾಡಿ 15 ಮೀಟರಿನಲ್ಲಿಟ್ಟರೆ ನೀವು ಮತ್ತೆ ಪುಸ್ತಕದ ಚಿತ್ರಕ್ಕೇ ವಾಪಸು ಹೋದಂತೆ.

ಜಾಗ ಕಾಣಬೇಕು, ಗ್ರಹ ಕಾಣಬೇಕಾಗಿಲ್ಲ. ನಾನು ಮಾಡುವುದು ಹೀಗೆ: ಅಂಚೆ ಕಾರ್ಡಿನಷ್ಟು ದೊಡ್ಡ ಕಪ್ಪು ರಟ್ಟು ಕತ್ತರಿಸಿ, ನಟ್ಟ ನಡುವೆ ಸೂಜಿ ಮೊನೆಯಲ್ಲಿ ಒಂದು ಚುಕ್ಕೆ ಫೆವಿಕಾಲ್ ಇಟ್ಟು, ಅದರ ಮೇಲೆ ರಾಗಿ ಕೂರಿಸುತ್ತೇನೆ. ಕಪ್ಪಿನ ಮೇಲೆ ಕಂದು ಕಾಳು ಎದ್ದು ಕಾಣದಿದ್ದರೆ ನೀಲಿ ಪೇಂಟು ಮುಟ್ಟಿಸಿ. ಅಂಟು ಒಣಗಲು ಒಂದು ರಾತ್ರಿ ಬಿಡಿ. ಬರೀ ಕಾಳು ಇಟ್ಟರೆ ಗಾಳಿಗೆ ಹಾರುತ್ತದೆ, ಇಲ್ಲವೇ ಇರುವೆ ಹೊತ್ತೊಯ್ಯುತ್ತದೆ. ರಟ್ಟನ್ನು ಮಗುವಿನ ಎದೆಯೆತ್ತರದ ಕೋಲಿಗೆ ಕಟ್ಟಿ, ಕೋಲಿನ ತುದಿಗೆ ಕೆಂಪು ಬಟ್ಟೆ ಬಾವುಟ. ಬಾವುಟ ದೂರದಿಂದ ಕಾಣುತ್ತದೆ, ಹತ್ತಿರ ಬಂದು ಬಗ್ಗಿದವರಿಗೆ ಮಾತ್ರ ಗ್ರಹ ಕಾಣುತ್ತದೆ. ಆ ಕಾಳನ್ನೇ ತೋರಿಸಿ ಹೇಳಿ: ಎಲ್ಲ ಸಮುದ್ರ, ಎಲ್ಲ ಊರು, ಇಲ್ಲಿಯವರೆಗೆ ಹುಟ್ಟಿದ ಎಲ್ಲರೂ ಇದರ ಮೇಲೆ.

"ಚಂದ್ರನನ್ನು ಎಲ್ಲಿಡಬೇಕು? ಚಂದ್ರಯಾನ ಹೋದ ದೂರ ಎಷ್ಟಾಗುತ್ತೆ?"

ಭೂಮಿಯ ರಟ್ಟಿನ ಮೇಲೇ, ರಾಗಿಯಿಂದ 3.8 ಸೆಂ.ಮೀ. ಆಚೆ. ಚಂದ್ರನ ವ್ಯಾಸ ಮಿಲಿಮೀಟರಿನ ಮೂರನೇ ಒಂದು ಭಾಗ. ಬಿಳಿ ಪೇಂಟಿನಲ್ಲಿ ಅದ್ದಿದ ಸೂಜಿ ಮೊನೆ ತಾಗಿಸಿದರೆ ಸರಿಹೋಗುತ್ತದೆ. ಭೂಮಿ ಮತ್ತು ಚಂದ್ರನ ನಡುವೆ ಮೂವತ್ತು ಭೂಮಿ ಹಿಡಿಸುತ್ತವೆ, ಬೇಕಾದರೆ ಮೂವತ್ತು ರಾಗಿ ಕಾಳು ಸಾಲಿಟ್ಟು ನೋಡಿ. ತರಗತಿಯೊಳಗೆ ಇದನ್ನೇ ಫುಟ್‌ಬಾಲಿನಲ್ಲಿ ಮಾಡಬಹುದು: ಚಂದ್ರನಿಗೆ ಟೆನಿಸ್ ಚೆಂಡು, ನಡುವೆ ಆರೂವರೆ ಮೀಟರ್. ಹೆಚ್ಚಿನ ಕೊಠಡಿಗಳಲ್ಲಿ ಚಂದ್ರ ಹಿಂದಿನ ಗೋಡೆಗೆ ಹೋಗಿ ಮುಟ್ಟುತ್ತಾನೆ.

2023ರ ಜುಲೈ 14ರಂದು ಹೊರಟ ಚಂದ್ರಯಾನ-3 ಆಗಸ್ಟ್ 23ರಂದು ಇಳಿದದ್ದು ಈ ನಾಲ್ಕು ಸೆಂಟಿಮೀಟರ್ ದಾಟಿ. ಸೂರ್ಯನನ್ನು ನೋಡಲು ಹೋದ ಆದಿತ್ಯ-ಎಲ್1 ಇರುವುದು ಭೂಮಿಯಿಂದ 15 ಲಕ್ಷ ಕಿ.ಮೀ. ಆಚೆ: ಮಾದರಿಯಲ್ಲಿ ರಾಗಿಯಿಂದ ಸೂರ್ಯನ ಕಡೆಗೆ 15 ಸೆಂ.ಮೀ., ಹದಿನೈದು ಮೀಟರಿನಲ್ಲಿ ಒಂದು ಗೇಣಿಗಿಂತಲೂ ಕಡಿಮೆ. "ಆದಿತ್ಯ ಸೂರ್ಯನ ಹತ್ತಿರ ಹೋಗಿ ಸುಟ್ಟುಹೋಗಲ್ವಾ?" ಎಂದು ಕೇಳುವ ಮಕ್ಕಳಿಗೆ ಇಲ್ಲಿ ನಿಲ್ಲಿಸಿಯೇ ಉತ್ತರ ಕೊಡಿ. ಮಂಗಳಯಾನ ಮಾತ್ರ ನಿಜಕ್ಕೂ ಈ ಮೈದಾನದಲ್ಲಿ ನಡೆದ ನೌಕೆ. 2013ರ ನವೆಂಬರಿನಲ್ಲಿ ರಾಗಿಯಿಂದ ಹೊರಟು ಸೂರ್ಯನ ಸುತ್ತ ಬಾಗಿದ ದಾರಿಯಲ್ಲಿ ಸಾಗಿ 2014ರ ಸೆಪ್ಟೆಂಬರ್ 24ಕ್ಕೆ ಗಸಗಸೆ ಮುಟ್ಟಿತು. ಅದರ ಸಂಕೇತಗಳನ್ನು ಬೆಂಗಳೂರಿನ ಹತ್ತಿರದ ಬ್ಯಾಲಾಳುವಿನ 32 ಮೀಟರ್ ಅಗಲದ ಆಂಟೆನಾ ಹಿಡಿಯುತ್ತಿತ್ತು.

"ನಾವು ಹಾಕಿದ ಮಾದರಿ ಸರಿಯಾಗಿದೆ ಅಂತ ಗೊತ್ತಾಗೋದು ಹೇಗೆ?"

ಇದಕ್ಕೆ ಅತ್ಯಂತ ಚೆಂದದ ಒಂದು ಪರೀಕ್ಷೆ ಇದೆ. ಭೂಮಿಯ ಕೋಲಿನ ಹತ್ತಿರ ನಿಂತು ಚಕ್ಕೋತದ ಕಡೆ ನೋಡಿ. ಆಕಾಶದಲ್ಲಿ ಸೂರ್ಯ ಎಷ್ಟು ದೊಡ್ಡದಾಗಿ ಕಾಣುತ್ತಾನೋ ಚಕ್ಕೋತವೂ ಅಷ್ಟೇ ಕಾಣಬೇಕು, ಸುಮಾರು ಅರ್ಧ ಡಿಗ್ರಿ. ನಿಜವಾದ ಸೂರ್ಯನನ್ನು ನೋಡಿ ಹೋಲಿಸಬಾರದು, ಕಣ್ಣು ಹೋಗುತ್ತದೆ. ಹುಣ್ಣಿಮೆಯ ಸಂಜೆ ಮಾದರಿ ಹಾಕಿ ಚಂದ್ರನ ಜೊತೆ ಹೋಲಿಸಿ. ಚಂದ್ರ ಸೂರ್ಯನಿಗಿಂತ 400 ಪಟ್ಟು ಚಿಕ್ಕವನು, 400 ಪಟ್ಟು ಹತ್ತಿರದವನು, ಹಾಗಾಗಿ ಇಬ್ಬರೂ ನಮಗೆ ಒಂದೇ ಅಗಲಕ್ಕೆ ಕಾಣುತ್ತಾರೆ. ಪೂರ್ಣ ಸೂರ್ಯಗ್ರಹಣ ಆಗುವುದೂ ಇದೇ ಕಾರಣಕ್ಕೆ. ಕೈ ಚಾಚಿ ಕಿರುಬೆರಳಿನ ತುದಿ ಅಡ್ಡ ಹಿಡಿದರೆ ಚಂದ್ರನೂ ಮರೆ, ಚಕ್ಕೋತವೂ ಮರೆ.

ಗಾತ್ರ, ದೂರ ಎರಡಕ್ಕೂ ಒಂದೇ ಅಳತೆ ಇಟ್ಟರೆ ಮಾತ್ರ ಈ ಪರೀಕ್ಷೆಯಲ್ಲಿ ಪಾಸು. ಆಮೇಲೆ ಬೇರೆ ಬೇರೆ ಗ್ರಹಗಳ ಬಳಿ ನಿಂತು ನೋಡುತ್ತಾ ಹೋಗಿ. ಆಯಾ ಗ್ರಹದ ಆಕಾಶದಲ್ಲಿ ಸೂರ್ಯ ಎಷ್ಟು ದೊಡ್ಡದೋ ಅಷ್ಟೇ ಕಾಣುತ್ತದೆ. ನೆಪ್ಚೂನ್ ತಲುಪುವ ಹೊತ್ತಿಗೆ ಚಕ್ಕೋತ ಬರಿಗಣ್ಣಿಗೆ ಒಂದು ಚುಕ್ಕೆ. ಗಾತ್ರ ಅಷ್ಟಾದರೂ ನಿಜವಾದ ನೆಪ್ಚೂನಿನಲ್ಲಿ ಆ ಚುಕ್ಕೆಯ ಬೆಳಕು ನಮ್ಮ ಹುಣ್ಣಿಮೆಗಿಂತ ನೂರಾರು ಪಟ್ಟು ಹೆಚ್ಚಿರುತ್ತದೆ ಎಂಬುದನ್ನು ಹಣ್ಣು ತೋರಿಸಲಾರದು, ಬಾಯಿಮಾತಿನಲ್ಲಿ ಹೇಳಬೇಕು.

"ನಮ್ಮ ಶಾಲೆಯ ಮೈದಾನ ನೂರು ಮೀಟರೂ ಇಲ್ಲವಲ್ಲ?"

ಗುರುವಿನವರೆಗೆ 78 ಮೀಟರ್ ಸಾಕು. ಅಲ್ಲಿಯವರೆಗೆ ಹಾಕಿ, ಉಳಿದವನ್ನು ಊರಿನ ಗುರುತುಗಳಿಂದ ಹೇಳಿ: ಶನಿ 143 ಮೀಟರ್, ಅಂಗಡಿಯ ಹತ್ತಿರ, ಯುರೇನಸ್ 287, ಬಸ್ ನಿಲ್ದಾಣದ ಹತ್ತಿರ, ನೆಪ್ಚೂನ್ 450, ದೇವಸ್ಥಾನದ ಹತ್ತಿರ. ಹಾಗೆ ಹೇಳಿದರೆ ಶಾಲೆ ಬಿಟ್ಟ ಮೇಲೂ ಮಕ್ಕಳು ಆ ದಾರಿಯಲ್ಲಿ ಹೋಗುವಾಗ ನೆನೆಸುತ್ತಾರೆ. ಇಡೀ ಮಾದರಿಯನ್ನು ನೂರು ಮೀಟರಿಗೆ ಕುಗ್ಗಿಸಬಹುದು, ಆದರೆ ಆಗ ಸೂರ್ಯ 3 ಸೆಂ.ಮೀ., ಭೂಮಿ ಕಾಲು ಮಿಲಿಮೀಟರ್. ಕೈಯಲ್ಲಿ ಹಿಡಿದು ತೋರಿಸಲು ಏನೂ ಉಳಿಯುವುದಿಲ್ಲ.

"ಶನಿಯ ಬಳೆಗಳನ್ನು ಹೇಗೆ ಮಾಡೋದು?"

ಟ್ರೇಸಿಂಗ್ ಹಾಳೆಯಲ್ಲಿ 27 ಮಿ.ಮೀ. ಅಗಲದ ತಟ್ಟೆ ಕತ್ತರಿಸಿ, ನಡುವೆ 15 ಮಿ.ಮೀ. ತೂತು ಮಾಡಿ, ಕಡಲೆಗೆ ಎರಡು ಕೂದಲಿನಿಂದ ಅಂಟಿಸಿ. ಬಳೆಗಳ ದಪ್ಪ ಬಹುಪಾಲು ಕಡೆ ಬರೀ ಹತ್ತಾರು ಮೀಟರ್. ಈ ಅಳತೆಗೆ ತಕ್ಕಷ್ಟು ತೆಳುವಾದ ಕಾಗದ ಜಗತ್ತಿನಲ್ಲಿ ಎಲ್ಲೂ ಇಲ್ಲ.

"ಕ್ಷುದ್ರಗ್ರಹಗಳಿಗೆ ಮರಳು ಚೆಲ್ಲಬಹುದಾ?"

ಬೇಡ. ಅಲ್ಲಿನ ಎಲ್ಲ ಕಲ್ಲುಗಳನ್ನು ಒಟ್ಟು ಸೇರಿಸಿದರೂ ಚಂದ್ರನ ತೂಕದ ನೂರರಲ್ಲಿ ಮೂರು ಪಾಲು. ಅತಿ ದೊಡ್ಡದಾದ ಸೀರಿಸ್ ಕೂಡ ಮಾದರಿಯಲ್ಲಿ ಮಿಲಿಮೀಟರಿನ ಹತ್ತನೇ ಒಂದು ಭಾಗಕ್ಕಿಂತ ಚಿಕ್ಕದು. ಮಂಗಳ ದಾಟಿದ ಮೇಲೆ 31ರಿಂದ 49 ಮೀಟರಿನವರೆಗಿನ ಜಾಗವನ್ನು ಖಾಲಿ ಬಿಟ್ಟು, "ಇಲ್ಲಿ ಲಕ್ಷಾಂತರ ಕಲ್ಲುಗಳಿವೆ" ಎಂದು ಬೋರ್ಡು ನೆಡಿ.

"ಪ್ಲೂಟೊ ಇಡಬೇಕಾ, ಬೇಡವಾ?"

2006ರಿಂದ ಅದು ಕುಬ್ಜಗ್ರಹ. ಆದರೂ ಇಡಿ. ಸರಾಸರಿ 590 ಮೀಟರ್. ಕಕ್ಷೆ ತೀರಾ ಉದ್ದನೆಯದಾದ್ದರಿಂದ 440 ಮೀಟರಿಗೆ ಹತ್ತಿರ ಬಂದು 740ರ ಸಮೀಪದವರೆಗೂ ಹೋಗುತ್ತದೆ. 1979ರಿಂದ 1999ರವರೆಗೆ ಅದು ನೆಪ್ಚೂನಿಗಿಂತ ಒಳಗಿತ್ತು.

"ಬೆಳಕು ಈ ಮಾದರಿಯಲ್ಲಿ ಎಷ್ಟು ಜೋರಾಗಿ ಓಡುತ್ತೆ?"

ಸೆಕೆಂಡಿಗೆ 3 ಸೆಂ.ಮೀ. ಚಕ್ಕೋತದಿಂದ ಹೊರಟ ಬೆಳಕು ರಾಗಿ ಮುಟ್ಟಲು 8 ನಿಮಿಷ 20 ಸೆಕೆಂಡ್ ಬೇಕು. ಒಬ್ಬ ಮಗುವಿಗೆ ಬೆಳಕಿನ ಪಾತ್ರ ಕೊಡಿ: ಪ್ರತಿ ಹತ್ತು ಸೆಕೆಂಡಿಗೆ ಒಂದು ಪಾದದಷ್ಟು, ಅಂದರೆ 30 ಸೆಂ.ಮೀ., ಮುಂದೆ ಸರಿಯಬೇಕು. ಉಳಿದವರು ಮಾಮೂಲಿಯಾಗಿ ನಡೆದು ಆರೇಳು ನಿಮಿಷದಲ್ಲಿ ನೆಪ್ಚೂನ್ ಮುಟ್ಟಿದಾಗ ಬೆಳಕು ಇನ್ನೂ ಭೂಮಿಗೇ ಬಂದಿರುವುದಿಲ್ಲ. ಅದು ನೆಪ್ಚೂನ್ ತಲುಪಲು ನಾಲ್ಕು ಗಂಟೆ ದಾಟುತ್ತದೆ.

## ಹಿಂದೆ ಮಾಡಿದವರು, ಬೇರೆ ಊರಿನ ಮಾದರಿಗಳು

"ಕಾಳು, ಹಣ್ಣು ಇಟ್ಟು ತೋರಿಸೋ ಉಪಾಯ ಯಾರದ್ದು?"

ಬಹಳ ಹಳೆಯದು. ಇಂಗ್ಲೆಂಡಿನ ಖಗೋಳಜ್ಞ ಜಾನ್ ಹರ್ಷೆಲ್ 1833ರಲ್ಲಿ ಬರೆದ ಒಂದು ಮಾದರಿಯಲ್ಲಿ ಸೂರ್ಯ ಎರಡಡಿಯ ಗೋಳ, ಬುಧ ಸಾಸಿವೆ, ಶುಕ್ರ ಮತ್ತು ಭೂಮಿ ಬಟಾಣಿ, ಮಂಗಳ ಗುಂಡುಸೂಜಿಯ ತಲೆ, ಗುರು ಕಿತ್ತಳೆ. ಕಾಗದದ ಮೇಲೆ ವೃತ್ತ ಬರೆದು, ಕೀಲಿ ತಿರುಗಿಸುವ ಗ್ರಹ ಯಂತ್ರ ತೋರಿಸಿ ಈ ವಿಷಯ ಮನದಟ್ಟು ಮಾಡಲಾಗದು ಎಂದು ಅವರು ಖಂಡಿತವಾಗಿ ಹೇಳಿದ್ದರು.

ಹಾಗಿದ್ದರೂ ಒಂದು ಗ್ರಹ ಯಂತ್ರವನ್ನು ನಾನು ಬಹಳ ಗೌರವಿಸುತ್ತೇನೆ. ನೆದರ್ಲ್ಯಾಂಡ್ಸ್‌ನ ಫ್ರಾನೆಕರ್ ಊರಿನಲ್ಲಿ ಉಣ್ಣೆ ಕೆಲಸದ ಐಸೆ ಐಸಿಂಗಾ 1774ರಿಂದ 1781ರವರೆಗೆ ತನ್ನ ಮನೆಯ ನಡುಕೋಣೆಯ ಚಾವಣಿಯಲ್ಲಿ ಕಟ್ಟಿದ್ದು ಅದು. ಲೋಲಕದ ಗಡಿಯಾರ, ಮರದ ಹಲ್ಲುಚಕ್ರಗಳು ಗ್ರಹಗಳನ್ನು ಅವುಗಳ ನಿಜವಾದ ಅವಧಿಯಲ್ಲೇ ತಿರುಗಿಸುತ್ತವೆ. ಅಲ್ಲಿನ ಶನಿಗೆ ಒಂದು ಸುತ್ತಿಗೆ 29 ವರ್ಷ ದಾಟುತ್ತದೆ. ದೂರದ ಅಳತೆ ಮಿಲಿಮೀಟರಿಗೆ ಹತ್ತು ಲಕ್ಷ ಕಿ.ಮೀ. ಇವತ್ತಿಗೂ ನಡೆಯುತ್ತಿದೆ, 2023ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಅದರಲ್ಲಿ ಯುರೇನಸ್ ಇಲ್ಲ. ಐಸಿಂಗಾ ಕೆಲಸ ಮುಗಿಸಿದ 1781ರಲ್ಲೇ ಆ ಗ್ರಹವನ್ನು ಕಂಡುಹಿಡಿದವರು ವಿಲಿಯಂ ಹರ್ಷೆಲ್, ಬಟಾಣಿ ಮಾದರಿಯ ಜಾನ್ ಹರ್ಷೆಲ್‌ರ ತಂದೆ.

"ಮಗ ಅಮೆರಿಕದಲ್ಲಿದ್ದಾನೆ, ನಾವೂ ಹೋಗುತ್ತಿದ್ದೇವೆ. ನಡೆದು ನೋಡುವಂಥ ಮಾದರಿ ಎಲ್ಲಿವೆ?"

ವಾಷಿಂಗ್ಟನ್‌ನ ನ್ಯಾಷನಲ್ ಮಾಲ್‌ನಲ್ಲಿ 2001ರಲ್ಲಿ ತೆರೆದ ಮಾದರಿ ನಮ್ಮದೇ ಅಳತೆಯದು, 1:1000 ಕೋಟಿ. ಕೊಲರಾಡೊದ ಬೌಲ್ಡರ್ ವಿಶ್ವವಿದ್ಯಾಲಯದ ಆವರಣದಲ್ಲಿರುವುದೂ ಇದೇ ಅಳತೆ. ಚಾಲೆಂಜರ್ ಬಾಹ್ಯಾಕಾಶ ನೌಕೆಯ ದುರಂತದಲ್ಲಿ ತೀರಿಕೊಂಡ ಗಗನಯಾತ್ರಿಗಳ ನೆನಪಿಗೆ ಕಟ್ಟಿದ್ದು, ಅವರಲ್ಲಿ ಎಲಿಸನ್ ಒನಿಝುಕಾ ಅಲ್ಲಿಯೇ ಓದಿದವರು. ನ್ಯೂಯಾರ್ಕ್ ರಾಜ್ಯದ ಇಥಾಕಾದಲ್ಲಿ ಖಗೋಳ ವಿಜ್ಞಾನಿ ಕಾರ್ಲ್ ಸೇಗನ್ ನೆನಪಿನ ಗ್ರಹ ನಡಿಗೆ ಇದರ ಎರಡರಷ್ಟು ದೊಡ್ಡದು. ಮೇನ್ ರಾಜ್ಯದಲ್ಲಿ ಹೋಲ್ಟನ್‌ನಿಂದ ಪ್ರೆಸ್ಕ್ ಐಲ್‌ವರೆಗೆ ಹೆದ್ದಾರಿಯ ಬದಿಯಲ್ಲಿ ಗ್ರಹಗಳಿವೆ, ಖಗೋಳಮಾನಕ್ಕೆ ಒಂದು ಮೈಲಿ. ಅದನ್ನು ಕಾರಿನಲ್ಲೇ ನೋಡಬೇಕು.

ಯುರೋಪಿಗೆ ಹೋಗುವವರು ಜ್ಯೂರಿಕ್‌ನ ಊಟ್ಲಿಬರ್ಗ್ ಬೆಟ್ಟದ ದಾರಿ ತಪ್ಪಿಸಬೇಡಿ. ಒಂದು ಮೀಟರಿಗೆ ಹತ್ತು ಲಕ್ಷ ಕಿ.ಮೀ. ಲೆಕ್ಕದಲ್ಲಿ ಫೆಲ್ಸೆನೆಗ್‌ವರೆಗೆ ಗ್ರಹಗಳು, ಪಕ್ಕದಲ್ಲಿ ಸರೋವರ. ಇಂಗ್ಲೆಂಡಿನ ಯಾರ್ಕ್‌ನಲ್ಲಿ ಹಳೆಯ ರೈಲು ಹಾದಿಯನ್ನೇ ಸೈಕಲ್ ದಾರಿ ಮಾಡಿ ಸುಮಾರು ಹತ್ತು ಕಿಲೋಮೀಟರಿನ ಸೌರಮಂಡಲ ಕಟ್ಟಿದ್ದಾರೆ.

"ಪ್ರಪಂಚದಲ್ಲೇ ದೊಡ್ಡದು ಸ್ವೀಡನ್ನಿನದಂತೆ. ಕರ್ನಾಟಕದಲ್ಲಿ ಅಂಥದ್ದು ಆಗುತ್ತಾ?"

ಸ್ವೀಡನ್ ಮಾದರಿ 1:2 ಕೋಟಿ. ಸ್ಟಾಕ್‌ಹೋಮಿನ ಗೋಳಾಕಾರದ ದೊಡ್ಡ ಕ್ರೀಡಾಂಗಣವೇ ಸೂರ್ಯ. ಭೂಮಿ 65 ಸೆಂ.ಮೀ., ಏಳೂವರೆ ಕಿ.ಮೀ. ಆಚೆ, ಗುರುವಿನ ಜಾಗ 40 ಕಿ.ಮೀ. ದೂರದ ಅರ್ಲಾಂಡಾ ವಿಮಾನ ನಿಲ್ದಾಣ. ಪ್ಲೂಟೊ 300 ಕಿ.ಮೀ. ಉತ್ತರಕ್ಕೆ ಡೆಲ್ಲೆನ್ ಸರೋವರಗಳ ಬಳಿ.

ನಮ್ಮಲ್ಲಿ ಅದಕ್ಕೆ ತಕ್ಕ ಸೂರ್ಯ ವಿಜಯಪುರದಲ್ಲಿ ಕೂತಿದ್ದಾನೆ ಎಂದು ನಾನು ಬಹಳ ದಿನದಿಂದ ಹೇಳುತ್ತಿದ್ದೇನೆ. ಗೋಲಗುಮ್ಮಟದ ಗುಮ್ಮಟದ ಒಳವ್ಯಾಸ ಸುಮಾರು 38 ಮೀಟರ್. ಸೂರ್ಯ ಅದರೊಳಗೆ ಸರಿಯಾಗಿ ಕೂರುತ್ತಾನೆ ಎಂದುಕೊಂಡರೆ ಅಳತೆ 1:3.66 ಕೋಟಿ. ಆಗ ಬುಧ 13 ಸೆಂ.ಮೀ. ಚೆಂಡು, ಒಂದೂವರೆ ಕಿ.ಮೀ. ಆಚೆ. ಶುಕ್ರ ಮೂರು ಕಿ.ಮೀ.ಗೆ. 35 ಸೆಂ.ಮೀ. ಭೂಮಿ ನಾಲ್ಕು ಕಿ.ಮೀ.ಗೆ, ಅಂದರೆ ಊರಿನ ಪಶ್ಚಿಮಕ್ಕಿರುವ ಇಬ್ರಾಹಿಂ ರೋಜಾ ದಾಟಿ ಸ್ವಲ್ಪ ಮುಂದೆ. ಮಂಗಳ ಆರು ಕಿ.ಮೀ. ದಾಟಿ. ಗುರು 3.8 ಮೀಟರಿನ ಗೋಳ, 21 ಕಿ.ಮೀ. ದೂರದಲ್ಲಿ, ಬಸವನ ಬಾಗೇವಾಡಿಗೆ ಹೋಗುವ ಅರ್ಧ ದಾರಿಯಲ್ಲಿ. ಬಸವನ ಬಾಗೇವಾಡಿಯಲ್ಲೇ ಶನಿ. ಬಾಗಲಕೋಟೆ ದಾಟಿ ಸ್ವಲ್ಪ ಮುಂದೆ ಯುರೇನಸ್, ಗಜೇಂದ್ರಗಡದಲ್ಲಿ ನೆಪ್ಚೂನ್, ಗದಗದಲ್ಲಿ ಪ್ಲೂಟೊ. ಇವೆಲ್ಲ ರಸ್ತೆಯ ದೂರವಲ್ಲ, ನಕ್ಷೆಯ ಮೇಲೆ ನೇರ ಗೆರೆ ಎಳೆದ ದೂರ. ಗ್ರಹಗಳೆಲ್ಲ ಒಂದೇ ರಸ್ತೆಯಲ್ಲಿರಬೇಕು ಎಂಬ ನಿಯಮವಿಲ್ಲ.

ಈ ಅಳತೆಯಲ್ಲಿ ಬೆಳಕಿನ ವೇಗ ಗಂಟೆಗೆ 30 ಕಿ.ಮೀ. ಊರೊಳಗೆ ನಿಧಾನಕ್ಕೆ ಹೋಗುವ ಬಸ್ಸು ಬೆಳಕಿನ ವೇಗದಲ್ಲಿ ಹೋಗುತ್ತಿರುತ್ತದೆ. ಗೋಲಗುಮ್ಮಟ ನೋಡಲು ಪ್ರವಾಸ ಬರುವ ಶಾಲೆ ಮಕ್ಕಳಿಗೆ ಬಸ್ಸಿನ ಕಿಟಕಿಯಿಂದಲೇ ಶನಿ, ಗುರು ಸಿಗುವಂತಾಗಬೇಕು ಎಂಬುದು ನನ್ನ ದೊಡ್ಡ ಆಸೆ. ಕಟ್ಟಡಕ್ಕೆ ಏನೂ ಮಾಡಬೇಕಾಗಿಲ್ಲ, ಮುಟ್ಟಲೂಬಾರದು. ಉಳಿದ ಊರುಗಳಲ್ಲಿ ಒಂದೊಂದು ಗೋಳ ನಿಂತರೆ ಸಾಕು.

## ಇನ್ನೂ ಮುಂದೆ ಹೋಗುವವರಿಗೆ

"ಗ್ರಹಗಳನ್ನೆಲ್ಲ ಒಂದೇ ಸಾಲಿಗೆ ಇಡ್ತೀರಲ್ಲ. ಪಂಚಾಂಗ ನೋಡಿ ಆ ದಿನದ ಸರಿಯಾದ ಜಾಗಕ್ಕೆ ಇಡಬಹುದಾ?"

ಸಾಲು ನಮ್ಮ ಅನುಕೂಲಕ್ಕೆ ಮಾತ್ರ. ಎಂಟೂ ಗ್ರಹಗಳು ಹಾಗೆ ಗೆರೆ ಎಳೆದಂತೆ ನಿಲ್ಲುವುದಿಲ್ಲ. ಇಂಗ್ಲೆಂಡಿನ ಆಟ್‌ಫರ್ಡ್ ಹಳ್ಳಿಯ ಮಾದರಿಯಲ್ಲಿ 2000ನೇ ಇಸವಿ ಶುರುವಾದ ಗಳಿಗೆಯಲ್ಲಿ ಯಾವ ಗ್ರಹ ಎಲ್ಲಿತ್ತೋ ಅಲ್ಲೇ ಕಂಬ ನೆಟ್ಟಿದ್ದಾರೆ.

ಪಂಚಾಂಗದ ಗ್ರಹಸ್ಫುಟ, ಅಂದರೆ ರಾಶಿ, ಡಿಗ್ರಿಯಲ್ಲಿ ಕೊಟ್ಟ ಗ್ರಹದ ಸ್ಥಾನ, ಬಳಸಬಹುದು, ಆದರೆ ನೇರವಾಗಿ ಅಲ್ಲ. ಅದು ಭೂಮಿಯಿಂದ ನೋಡಿದ ದಿಕ್ಕು. ನಮ್ಮ ಮೈದಾನದ ನಡುವೆ ಇರುವುದು ಸೂರ್ಯ. ಮೇಷದ ಸೊನ್ನೆ ಡಿಗ್ರಿಯನ್ನು ಮೈದಾನದ ಪೂರ್ವ ದಿಕ್ಕಿಗೆ ಎಂದು ಇಟ್ಟುಕೊಳ್ಳಿ. ರಾಶಿಗೆ 30 ಡಿಗ್ರಿಯಂತೆ, ಗಡಿಯಾರದ ಮುಳ್ಳಿಗೆ ಎದುರಾಗಿ ಎಣಿಸಬೇಕು. ಪಂಚಾಂಗದಲ್ಲಿ ಸೂರ್ಯ ಎಲ್ಲಿದ್ದಾನೋ ಅದಕ್ಕೆ 180 ಡಿಗ್ರಿ ಕೂಡಿಸಿದರೆ ಸೂರ್ಯನಿಂದ ಭೂಮಿ ಇರುವ ದಿಕ್ಕು ಸಿಗುತ್ತದೆ. ಅಲ್ಲಿ 15 ಮೀಟರಿಗೆ ರಾಗಿ ನೆಡಿ. ಈಗ ರಾಗಿಯ ಬಳಿ ನಿಂತು, ಪಂಚಾಂಗ ಹೇಳುವ ದಿಕ್ಕಿಗೆ ಹಗ್ಗ ಎಳೆಯಿರಿ. ಇಲ್ಲಿಯೂ ಸೊನ್ನೆ ಪೂರ್ವವೇ. ಆ ಹಗ್ಗ ಮಂಗಳನ ವೃತ್ತವನ್ನು, ಅಂದರೆ ಸೂರ್ಯನ ಸುತ್ತ ಮಂಗಳನ ದೂರಕ್ಕೆ ಎಳೆದ ವೃತ್ತವನ್ನು, ಎಲ್ಲಿ ದಾಟುತ್ತದೋ ಮಂಗಳ ಅಲ್ಲಿ. ಗುರು, ಶನಿಗೂ ಹೀಗೇ. ಪಂಚಾಂಗ ನಿರಯಣದ್ದಾಗಿದ್ದರೂ, ಅಂದರೆ ಸೊನ್ನೆ ಡಿಗ್ರಿಯನ್ನು ನಕ್ಷತ್ರಗಳಿಂದ ಗುರುತಿಸುವುದಾಗಿದ್ದರೂ, ತೊಂದರೆಯಿಲ್ಲ, ಎಲ್ಲಕ್ಕೂ ಒಂದೇ ಸೊನ್ನೆ ಇರುವುದರಿಂದ ಇಡೀ ಚಿತ್ರ ಒಟ್ಟಿಗೆ ತಿರುಗಿರುತ್ತದೆ ಅಷ್ಟೆ.

ಬುಧ, ಶುಕ್ರರಿಗೆ ಮಾತ್ರ ಹಗ್ಗ ವೃತ್ತವನ್ನು ಎರಡು ಕಡೆ ದಾಟುತ್ತದೆ. ಯಾವುದು ಸರಿ ಎಂದು ಸ್ಟೆಲೇರಿಯಂ ಎಂಬ ಉಚಿತ ತಂತ್ರಾಂಶದಲ್ಲಿ ನೋಡಿಕೊಳ್ಳಿ. ಈ ಹಗ್ಗದ ಆಟದಲ್ಲಿ ಇನ್ನೊಂದು ಲಾಭವಿದೆ. ಕೆಲವು ವಾರ ಬಿಟ್ಟು ಬಿಟ್ಟು ಮಾಡಿದರೆ, ಭೂಮಿ ಒಳಸುತ್ತಿನಲ್ಲಿ ಮಂಗಳನನ್ನು ಹಿಂದೆ ಹಾಕುವಾಗ ಹಗ್ಗದ ದಿಕ್ಕು ಹಿಂದಕ್ಕೆ ಸರಿಯುವುದು ಕಣ್ಣಿಗೇ ಕಾಣುತ್ತದೆ. ಪಂಚಾಂಗದಲ್ಲಿ "ವಕ್ರ" ಎಂದು ಬರೆಯುವುದು ಅದನ್ನೇ.

"ಮಾದರಿಯನ್ನು ವರ್ಷವಿಡೀ ಇಟ್ಟು ಗ್ರಹಗಳನ್ನು ಓಡಿಸಬಹುದಾ?"

ಖಂಡಿತ. ಭೂಮಿಯನ್ನು ದಿನಕ್ಕೆ 26 ಸೆಂ.ಮೀ. ಸರಿಸಬೇಕು, ಬುಧನನ್ನು ಸರಾಸರಿ 41, ಗುರುವನ್ನು 11. ಬೆಳಗಿನ ಪ್ರಾರ್ಥನೆ ಮುಗಿದ ಕೂಡಲೇ ಒಂದು ಮಗು ಹೋಗಿ ರಾಗಿಯನ್ನು ಸರಿಸಿ ಬರಲಿ, ದಿನಕ್ಕೊಬ್ಬರ ಸರದಿ. ಹುಟ್ಟುಹಬ್ಬದ ದಿನ ಭೂಮಿ ಇದ್ದ ಜಾಗಕ್ಕೆ ಆ ಮಗುವಿನ ಹೆಸರಿನ ಗೂಟ ಹೊಡೆಯಿರಿ. ಮುಂದಿನ ವರ್ಷ ರಾಗಿ ಅದೇ ಗೂಟಕ್ಕೆ ಬರುತ್ತದೆ. ಕಕ್ಷೆಗಳು ಪೂರ್ತಿ ವೃತ್ತವಲ್ಲ ಎಂಬುದನ್ನೂ ಸೇರಿಸಬಹುದು: ಭೂಮಿ ಜನವರಿಯಲ್ಲಿ 14.7 ಮೀಟರ್, ಜುಲೈಯಲ್ಲಿ 15.2. ಬುಧನಲ್ಲಿ ವ್ಯತ್ಯಾಸ ದೊಡ್ಡದು, 4.6ರಿಂದ 7 ಮೀಟರ್.

"ಅತಿ ಹತ್ತಿರದ ನಕ್ಷತ್ರವನ್ನು ಎಲ್ಲಿಡಬೇಕು?"

ಬೆಂಗಳೂರಿನಲ್ಲಿ ಚಕ್ಕೋತ ಇಟ್ಟರೆ ಪ್ರಾಕ್ಸಿಮಾ ಸೆಂಟಾರಿ 4,000 ಕಿ.ಮೀ. ಆಚೆ, ಹಾಂಗ್‌ಕಾಂಗ್‌ನಲ್ಲಿ. ಅದು ಸಣ್ಣ ನಕ್ಷತ್ರ, ನೆಲ್ಲಿಕಾಯಿಯಷ್ಟು. ಅದರ ಜೊತೆಯ ಆಲ್ಫಾ ಸೆಂಟಾರಿಯ ಎರಡು ನಕ್ಷತ್ರಗಳು ಇನ್ನೂ ನೂರು ಕಿ.ಮೀ.ಗೂ ಆಚೆ ಇರುವ ಎರಡು ಚಕ್ಕೋತಗಳು. 1977ರಲ್ಲಿ ಹೊರಟ ವಾಯೇಜರ್-1 ನೌಕೆ ಇಷ್ಟು ವರ್ಷ ಓಡಿ ಮುಟ್ಟಿರುವುದು ನಮ್ಮ ಮೈದಾನದಿಂದ ಸುಮಾರು ಎರಡೂವರೆ ಕಿಲೋಮೀಟರ್. ವರ್ಷಕ್ಕೆ 50 ಮೀಟರಿಗಿಂತ ಸ್ವಲ್ಪ ಹೆಚ್ಚು ಹೋಗುತ್ತಿದೆ.

ಇಥಾಕಾದವರು ತಮ್ಮ ನಡಿಗೆಯ ಆಲ್ಫಾ ಸೆಂಟಾರಿಯನ್ನು ನಿಜಕ್ಕೂ ಹವಾಯಿ ದ್ವೀಪದ ಹೀಲೊ ಊರಿನಲ್ಲಿ ಇಟ್ಟಿದ್ದಾರೆ. ಆಸ್ಟ್ರೇಲಿಯಾದ ಮೆಲ್ಬರ್ನಿನಲ್ಲಿ ಸೇಂಟ್ ಕಿಲ್ಡಾ ಕಡಲದಂಡೆಯ ಮಾದರಿಯದು ಇನ್ನೂ ಸೊಗಸು. ಅದು 1:100 ಕೋಟಿ. ಆ ಲೆಕ್ಕದಲ್ಲಿ ಪ್ರಾಕ್ಸಿಮಾಕ್ಕೆ 40,000 ಕಿ.ಮೀ. ಆಗುತ್ತದೆ, ಅಂದರೆ ಭೂಮಿಗೆ ಒಂದು ಪೂರ್ತಿ ಸುತ್ತು. ಹಾಗಾಗಿ ಅವರು ನಕ್ಷತ್ರವನ್ನು ಸೂರ್ಯನ ಹತ್ತಿರವೇ ನಿಲ್ಲಿಸಿದ್ದಾರೆ. ಭೂಮಿಯನ್ನು ಸುತ್ತಿ ಬಂದರೆ ಸಿಗುವ ನಕ್ಷತ್ರ ಅದು.

"ನಮ್ಮ ಪಂಚಾಯಿತಿಯವರು ಕೆರೆ ಏರಿ ಮೇಲೆ ಶಾಶ್ವತವಾಗಿ ಕಲ್ಲು ನೆಡಿಸೋಣ ಅಂತಿದ್ದಾರೆ. ಏನೇನು ನೋಡಿಕೊಳ್ಳಬೇಕು?"

ಮೊದಲು ನೇರ ನೋಟ. ಕನಿಷ್ಠ ಗುರುವಿನವರೆಗೆ ನಿಂತು ಹಿಂತಿರುಗಿದರೆ ಸೂರ್ಯ ಕಾಣಬೇಕು. ಸೂರ್ಯನನ್ನು ಎರಡು ಆಳೆತ್ತರದ ಕಂಬದ ಮೇಲೆ ಹಳದಿ ಗೋಳವಾಗಿ ಕೂರಿಸಿ, ಮರ ಬೆಳೆದು ಅಡ್ಡ ಬರದಂತೆ ಜಾಗ ಆರಿಸಿ.

ಗ್ರಹಗಳಿಗೆ ಬೇರಿಂಗ್ ಗುಂಡು ಒಳ್ಳೆಯದು. ಸೈಕಲ್ಲಿನ ಮುಂದಿನ ಚಕ್ರದ ಗುಂಡು ಐದು ಮಿಲಿಮೀಟರಿಗೆ ಹತ್ತಿರ, ಯುರೇನಸ್ ಮತ್ತು ನೆಪ್ಚೂನಿಗೆ ಸರಿಹೊಂದುತ್ತದೆ. ಗುಂಡನ್ನು ಕಲ್ಲಿನ ಮೇಲೆ ಅಂಟಿಸಿದರೆ ಯಾರಾದರೂ ಕಿತ್ತೊಯ್ಯುತ್ತಾರೆ. ಗ್ರಾನೈಟಿನಲ್ಲಿ ಕುಳಿ ಕೊರೆದು ಅರ್ಧ ಹುದುಗಿಸಿ, ಮೇಲೆ ಬೆರಳು ಆಡಿಸಿದರೆ ತಗಲುವಂತಿರಲಿ. ಕಣ್ಣು ಕಾಣದವರಿಗೂ ಗಾತ್ರ ತಿಳಿಯುವುದು ಹಾಗೆಯೇ, ಪಕ್ಕದಲ್ಲಿ ಬ್ರೈಲ್ ಪಟ್ಟಿ ಹಾಕಿಸಿ. ಕಲ್ಲಿನ ಮೇಲೆ ಬರಹ ಕಡಿಮೆ ಇರಲಿ: ಗ್ರಹದ ಹೆಸರು, ಸೂರ್ಯನಿಂದ ನಿಜವಾದ ದೂರ, ಮುಂದಿನ ಕಲ್ಲಿಗೆ ಎಷ್ಟು ಹೆಜ್ಜೆ. ಬರಹ ಅಂತಿಮವಾಗುವ ಮೊದಲು ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯ ಅಥವಾ ಮಂಗಳೂರು ಪಿಲಿಕುಳದ ತಾರಾಲಯದಂಥ ಕಡೆ ಬಲ್ಲವರಿಗೆ ಒಮ್ಮೆ ತೋರಿಸಿ. ಕಲ್ಲಿನಲ್ಲಿ ಕೊರೆದ ಸಂಖ್ಯೆಯನ್ನು ಆಮೇಲೆ ತಿದ್ದಲಾಗುವುದಿಲ್ಲ.

ಪ್ಲೂಟೊಗೆ ಬೇಕಾದ 590 ಮೀಟರ್ ಏರಿ ನಿಮ್ಮಲ್ಲಿ ಇಲ್ಲದಿದ್ದರೆ ನೆಪ್ಚೂನಿಗೆ, 450ಕ್ಕೆ, ನಿಲ್ಲಿಸಿ. ಅದೂ ಇಲ್ಲದಿದ್ದರೆ ಯುರೇನಸ್‌ವರೆಗೆ ನೆಟ್ಟು, ನೆಪ್ಚೂನಿನ ಕಲ್ಲನ್ನು ಪಕ್ಕದ ಹಳ್ಳಿಯ ದಾರಿಯಲ್ಲಿ ಹಾಕಿಸಲು ಆ ಕಡೆಯವರನ್ನು ಕೇಳಿ. ಏರಿ ಸಾಲದೆಂದು ಅಳತೆಯನ್ನು ಮಾತ್ರ ಕುಗ್ಗಿಸಬೇಡಿ.